ಟೋಕಿಯೋ ಮೀನು ಮಾರ್ಕೆಟ್ ಟೂರ್: ಗೈಡ್ ಇದ್ದರೆ ಮಾತ್ರ ಕಾಣುವ ಅರ್ಧ

ಟೋಕಿಯೋಗೆ ಹೋಗುವವರ ಪಟ್ಟಿಯಲ್ಲಿ ತ್ಸುಕಿಜಿ ಮೀನು ಮಾರ್ಕೆಟ್ ಇದ್ದೇ ಇರುತ್ತದೆ. ಬೆಳಗಿನ ಜಾವ ಎದ್ದು ಟ್ಯೂನಾ ಹರಾಜು ನೋಡಬೇಕು, ಅಲ್ಲೇ ಕೂತು ಸುಶಿ ತಿನ್ನಬೇಕು, ಇದು ಎಲ್ಲರ ಲೆಕ್ಕ. ಆದರೆ 2018ರ ಅಕ್ಟೋಬರ್‌ನಿಂದ ತ್ಸುಕಿಜಿಯಲ್ಲಿ ಹರಾಜೇ ನಡೆಯುತ್ತಿಲ್ಲ. ಅದು ನಡೆಯುವುದು ಅಲ್ಲಿಂದ ಎರಡು ಕಿಲೋಮೀಟರ್‌ಗಿಂತ ಸ್ವಲ್ಪ ಆಚೆ, ತೊಯೊಸು ಎಂಬಲ್ಲಿ. ತಿನ್ನುವ ಸಂಭ್ರಮ, ಗಲ್ಲಿಗಳ ಗಿಜಿಗಿಜಿ ಮಾತ್ರ ತ್ಸುಕಿಜಿಯಲ್ಲಿ ಉಳಿದಿದೆ.

ಅಂದರೆ ಒಂದೇ ಮಾರ್ಕೆಟ್ ಎರಡು ತುಂಡಾಗಿದೆ. ಒಂದು ಕಡೆ ಕೆಲಸ ನಡೆಯುತ್ತದೆ, ಹತ್ತಿರ ಬಿಡುವುದಿಲ್ಲ. ಇನ್ನೊಂದು ಕಡೆ ಹತ್ತಿರ ಬಿಡುತ್ತಾರೆ, ಮುಖ್ಯ ಕೆಲಸ ಕಾಣುವುದಿಲ್ಲ. ಗೈಡ್‌ಗೆ ದುಡ್ಡು ಕೊಡುವುದಾದರೆ ಈ ಎರಡನ್ನೂ ಜೋಡಿಸಿ ಹೇಳುವುದಕ್ಕೆ ಕೊಡಬೇಕು. ನಾಲ್ಕು ಅಂಗಡಿಯಲ್ಲಿ ರುಚಿ ತೋರಿಸಿ ಕಳಿಸುವುದಕ್ಕಾದರೆ ಗೈಡ್ ಯಾಕೆ, ಮೂಗು ಸಾಕು. ಹಾಗಾಗಿ ಇಲ್ಲಿ ಆ ಮಾರ್ಕೆಟ್ ಹೇಗೆ ಕೆಲಸ ಮಾಡುತ್ತದೆ, ಟೂರ್‌ನಲ್ಲಿ ಏನನ್ನು ಗಮನಿಸಬೇಕು ಅನ್ನುವುದನ್ನು ಸ್ವಲ್ಪ ಬಿಡಿಸಿ ಹೇಳುತ್ತೇನೆ.

ಒಂದು ಮಾರ್ಕೆಟ್ ಎರಡಾದದ್ದು

ಟೋಕಿಯೋದ ಹಳೆಯ ಹೆಸರು ಎದೊ. ತೊಕುಗಾವ ಇಯೆಯಾಸು ಎಂಬ ಸೇನಾನಾಯಕ ಅಲ್ಲಿ ನೆಲೆ ಊರಿದಾಗ ಒಸಾಕಾ ಕಡೆಯ ತ್ಸುಕುದಾ ಊರಿನ ಮೀನುಗಾರರನ್ನು ಕರೆಸಿಕೊಂಡ. ಅವರು ಕೋಟೆಯ ಅಡುಗೆಮನೆಗೆ ಮೀನು ಕೊಡಬೇಕು, ಮಿಕ್ಕಿದ್ದನ್ನು ಊರಿಗೆ ಮಾರಿಕೊಳ್ಳಬಹುದು. ಹಾಗೆ ಮಿಕ್ಕ ಮೀನಿನ ವ್ಯಾಪಾರ ನಿಹೊನ್‌ಬಾಶಿ ಸೇತುವೆಯ ಬಳಿ ಬೆಳೆಯುತ್ತಾ ಬೆಳೆಯುತ್ತಾ ದೊಡ್ಡ ಪೇಟೆಯೇ ಆಯಿತು. ಸುಮಾರು ಮುನ್ನೂರು ವರ್ಷ ನಡೆಯಿತು. 1923ರ ಸೆಪ್ಟೆಂಬರ್ 1ರಂದು ಭೂಕಂಪ, ಅದರ ಹಿಂದೆಯೇ ಬೆಂಕಿ. ಪೇಟೆ ಸುಟ್ಟುಹೋಯಿತು. ಅದರ ಬದಲಿಗೆ 1935ರಲ್ಲಿ ಶುರುವಾದದ್ದು ತ್ಸುಕಿಜಿ.

ತ್ಸುಕಿಜಿಯ ಹಳೆಯ ಫೋಟೋಗಳಲ್ಲಿ ಕಟ್ಟಡ ಕಮಾನಿನಂತೆ ಬಾಗಿರುವುದು ಕಾಣುತ್ತದೆ. ಅದು ಅಂದಕ್ಕೆ ಮಾಡಿದ್ದಲ್ಲ. ಆಗ ಮೀನು ಬರುತ್ತಿದ್ದದ್ದು ಗೂಡ್ಸ್ ರೈಲಿನಲ್ಲಿ. ಹಳಿ ಒಳಗೆ ಬಂದು ಸಾಲು ವ್ಯಾಗನ್ ನಿಲ್ಲಬೇಕಾದರೆ ತಿರುವು ಬೇಕು, ಹಳಿ ಬಾಗಿದ ಕಡೆ ಕಟ್ಟಡವೂ ಬಾಗಿತು. ಮುಂದೆ ಲಾರಿಗಳ ಕಾಲ ಬಂತು. ರೈಲಿಗೆಂದು ಕಟ್ಟಿದ ಜಾಗದಲ್ಲಿ ಲಾರಿ, ಕೈಗಾಡಿ, ಜನ, ಥರ್ಮೋಕೋಲ್ ಡಬ್ಬ ಎಲ್ಲವೂ ಒಂದರ ಮೇಲೊಂದು. ಬಿಸಿಲು, ಮಳೆ, ಹಕ್ಕಿ ಎಲ್ಲಕ್ಕೂ ತೆರೆದ ಜಾಗ. ಬೇರೆ ಕಡೆ ಹೋಗಲೇಬೇಕಿತ್ತು.

ಆರಿಸಿದ ತೊಯೊಸು ಜಾಗದಲ್ಲಿ ಹಿಂದೆ ಗ್ಯಾಸ್ ತಯಾರಿಸುವ ಕಾರ್ಖಾನೆ ಇತ್ತು. ಮಣ್ಣಿನಲ್ಲಿ ಬೆಂಜೀನ್‌ನಂಥ ವಿಷ ಸಿಕ್ಕಿತು. 2016ರ ನವೆಂಬರ್‌ನಲ್ಲಿ ಆಗಬೇಕಿದ್ದ ಸ್ಥಳಾಂತರವನ್ನು ಆಗಷ್ಟೇ ಗೆದ್ದಿದ್ದ ಗವರ್ನರ್ ಯುರಿಕೊ ಕೊಯಿಕೆ ತಡೆದರು. ಕಟ್ಟಡಗಳ ಕೆಳಗೆ ತುಂಬಬೇಕಿದ್ದ ಶುದ್ಧ ಮಣ್ಣನ್ನು ತುಂಬದೆ ಟೊಳ್ಳು ಬಿಟ್ಟಿದ್ದೂ ಆಗ ಬಯಲಾಯಿತು. ದೊಡ್ಡ ರಾದ್ಧಾಂತವಾಗಿ, ಕೊನೆಗೆ 2018ರ ಅಕ್ಟೋಬರ್ 6ಕ್ಕೆ ತ್ಸುಕಿಜಿ ಒಳ ಮಾರ್ಕೆಟ್ ಮುಚ್ಚಿತು, 11ಕ್ಕೆ ತೊಯೊಸು ತೆರೆಯಿತು. ಹಳೆಯದು ಸುಮಾರು 23 ಹೆಕ್ಟೇರ್, ಹೊಸದು ಸುಮಾರು 40.

ಹೊರಗಿನ ಗಲ್ಲಿಗಳ ಅಂಗಡಿಗಳು ಸರ್ಕಾರಿ ಮಾರ್ಕೆಟ್‌ನ ಭಾಗವಾಗಿರಲಿಲ್ಲ. ಅವು ಖಾಸಗಿ ಅಂಗಡಿಗಳು. ಆದ್ದರಿಂದ ಇದ್ದಲ್ಲೇ ಉಳಿದವು. ಈಗ ಪ್ರವಾಸಿಗರು ತ್ಸುಕಿಜಿ ಅನ್ನುವುದು ಈ ಹೊರ ಮಾರ್ಕೆಟ್ಟನ್ನೇ.

ತೊಯೊಸು: ಗಾಜಿನಾಚೆ ಏನಾಗುತ್ತಿದೆ?

ಟ್ಯೂನಾ ಹರಾಜು ಬೆಳಿಗ್ಗೆ ಐದೂವರೆ ಸುಮಾರಿಗೆ. ನೋಡಲು ಎರಡು ದಾರಿ. ಮೇಲಿನ ಗ್ಯಾಲರಿಗೆ ಯಾರು ಬೇಕಾದರೂ ಹೋಗಬಹುದು, ಪೂರ್ತಿ ಗಾಜು. ಕೆಳಗೆ ಹರಾಜಿನ ಮಟ್ಟಕ್ಕೆ ಹತ್ತಿರದ ಕಟ್ಟೆಯೊಂದಿದೆ, ಅಲ್ಲಿ ಸದ್ದೂ ಕೇಳಿಸುತ್ತದೆ. ಅದಕ್ಕೆ ಮೊದಲೇ ಅರ್ಜಿ ಹಾಕಿ ಲಾಟರಿಯಲ್ಲಿ ಹೆಸರು ಬರಬೇಕು.

ಇಷ್ಟು ಬಿಗಿ ಯಾಕೆ ಅಂದರೆ, ಅದಕ್ಕೆ ನಮ್ಮಂಥ ಪ್ರವಾಸಿಗರೇ ಕಾರಣ. ತ್ಸುಕಿಜಿ ಕಾಲದಲ್ಲಿ ಜನ ಹರಾಜಿನ ನಡುವೆ ಫ್ಲ್ಯಾಶ್ ಹೊಡೆಯುತ್ತಿದ್ದರು, ಮೀನು ಮುಟ್ಟುತ್ತಿದ್ದರು. 2008ರ ಕೊನೆಯಲ್ಲಿ ಒಮ್ಮೆ ಪ್ರವಾಸಿಗರನ್ನು ಪೂರ್ತಿ ನಿಲ್ಲಿಸಿಯೂ ಬಿಟ್ಟಿದ್ದರು. ಆಮೇಲೆ ದಿನಕ್ಕೆ ಇಷ್ಟೇ ಜನ ಎಂಬ ಮಿತಿ ಬಂತು. ತೊಯೊಸುವಿನ ಗಾಜು ಆ ಜಗಳಕ್ಕೆ ಹಾಕಿದ ಪೂರ್ಣವಿರಾಮ.

ಗಾಜಿನಿಂದ ಕೆಳಗೆ ನೋಡಿದರೆ ಹಸಿರು ನೆಲ, ಅದರ ಮೇಲೆ ಸಾಲಾಗಿ ಮಲಗಿಸಿದ ಟ್ಯೂನಾ. ಕೆಂಪು ಮಾಂಸದ ಬಣ್ಣ ಸರಿಯಾಗಿ ತಿಳಿಯಲಿ ಅಂತಲೇ ನೆಲಕ್ಕೆ ಹಸಿರು. ಮೀನಿನ ಮೈ ಮೇಲೆ ನಂಬರ್, ತೂಕ, ಎಲ್ಲಿಂದ ಬಂದದ್ದು ಅನ್ನುವ ವಿವರ. ರಬ್ಬರ್ ಬೂಟು ಹಾಕಿದವರು ಕೈಯಲ್ಲಿ ಟಾರ್ಚ್, ಕೊಕ್ಕೆ ಹಿಡಿದು ಓಡಾಡುತ್ತಿರುತ್ತಾರೆ. ಬಾಲದ ಹತ್ತಿರ ಕೊಯ್ದ ಜಾಗಕ್ಕೆ ಟಾರ್ಚ್ ಬಿಡುತ್ತಾರೆ. ಒಂದು ಚೂರು ಮಾಂಸ ಕಿತ್ತು ಬೆರಳಲ್ಲಿ ಉಜ್ಜುತ್ತಾರೆ. ಏನೋ ಬರೆದುಕೊಂಡು ಮುಂದಿನ ಮೀನಿಗೆ ಹೋಗುತ್ತಾರೆ.

ನಿಜವಾದ ಹರಾಜು ಇದೇ. ಗಂಟೆ ಬಾರಿಸಿ ಕೂಗುವುದು ಆಮೇಲಿನ ಶಾಸ್ತ್ರ.

ಬಾಲದ ಆ ಸಣ್ಣ ಗಾಯದಿಂದ ಇನ್ನೂರು ಕಿಲೋ ಮೀನಿನ ಒಳಗೆ ಏನಿದೆ ಅಂತ ಊಹಿಸಬೇಕು. ಬೆರಳಲ್ಲಿ ಉಜ್ಜಿದಾಗ ಮಾಂಸ ಕರಗಿ ಜಿಡ್ಡಾದರೆ ಕೊಬ್ಬು ಚೆನ್ನಾಗಿದೆ. ಬಣ್ಣ ಮಂಕಾಗಿ ಬಿಳಚಿಕೊಂಡಿದ್ದರೆ ಕೆಟ್ಟ ಸುದ್ದಿ, ಮೀನು 'ಸುಟ್ಟಿದೆ'. ಜಪಾನಿ ಭಾಷೆಯಲ್ಲಿ ಇದಕ್ಕೆ 'ಯಾಕೆ' ಎಂದು ಹೆಸರು. ಹೆಚ್ಚಿನ ಮೀನುಗಳ ಮೈ ಸುತ್ತಲಿನ ನೀರಿನಷ್ಟೇ ತಣ್ಣಗಿರುತ್ತದೆ. ಬ್ಲೂಫಿನ್ ಟ್ಯೂನಾ ಹಾಗಲ್ಲ, ಅದು ತನ್ನ ಸ್ನಾಯುಗಳ ಬಿಸಿಯನ್ನು ಮೈಯಲ್ಲೇ ಹಿಡಿದಿಟ್ಟುಕೊಳ್ಳುತ್ತದೆ. ಗಾಳಕ್ಕೆ ಸಿಕ್ಕು ಬಹಳ ಹೊತ್ತು ಒದ್ದಾಡಿದರೆ ಒಳಗಿನ ಬಿಸಿ ಏರುತ್ತದೆ, ಲ್ಯಾಕ್ಟಿಕ್ ಆಮ್ಲ ತುಂಬುತ್ತದೆ, ಮಾಂಸ ಹುಳಿಯಾಗಿ ಪುಡಿಪುಡಿಯಾಗುತ್ತದೆ. ಅಂದರೆ ಮೀನುಗಾರ ದೋಣಿಯಲ್ಲಿ ಹೇಗೆ ನಡೆದುಕೊಂಡ, ಎಷ್ಟು ಬೇಗ ತಣ್ಣಗೆ ಮಾಡಿದ ಅನ್ನುವುದೆಲ್ಲ ಆ ಬಾಲದಲ್ಲಿ ಬರೆದಿರುತ್ತದೆ. ಓದಲು ಬರಬೇಕು ಅಷ್ಟೇ.

ಕೂಗು ಶುರುವಾದ ಮೇಲೆ ಒಂದೊಂದು ಮೀನು ಕೆಲವೇ ಸೆಕೆಂಡುಗಳಲ್ಲಿ ಹೋಗುತ್ತದೆ. ಕೊಳ್ಳುವವರು ಬಾಯಿ ಬಿಡುವುದಿಲ್ಲ, ಬೆರಳಲ್ಲಿ ಕಿಲೋ ದರದ ಅಂಕಿ ತೋರಿಸುತ್ತಾರೆ. ಒಂದು ಬೆರಳು ಎತ್ತಿದರೆ ಸಾವಿರವೋ ಹತ್ತು ಸಾವಿರವೋ ಅನ್ನುವುದನ್ನು ಮೀನು ನೋಡಿ ಎಲ್ಲರೂ ತಿಳಿದುಕೊಂಡಿರುತ್ತಾರೆ. ಮಲ್ಪೆ ಬಂದರಿನಲ್ಲಿ ಮೀನು ಹರಾಜು ನೋಡಿದವರಿಗೆ ಈ ವೇಗ ಹೊಸದಲ್ಲ, ಆದರೆ ಕೊಳ್ಳುವವರ ಈ ಮೌನ ಹೊಸದು ಅನ್ನಿಸಬಹುದು.

ಪಕ್ಕದ ಹಾಲ್‌ನಲ್ಲಿ ಮಂಜಿನ ಹೊಗೆ ಏಳುವ ಬೂದು ಬಣ್ಣದ ಟ್ಯೂನಾಗಳಿರುತ್ತವೆ. ದೂರ ಸಾಗರದ ಹಡಗುಗಳಲ್ಲೇ ಮೈನಸ್ 60 ಡಿಗ್ರಿಗೆ ಗಟ್ಟಿ ಮಾಡಿದವು ಅವು. ಮನೆಯ ಫ್ರೀಜರ್ ಮೈನಸ್ 18, ಇದಕ್ಕೆ ಮೈನಸ್ 60 ಯಾಕೆ? ಕೆಡಬಾರದು ಅಂತ ಮಾತ್ರವಲ್ಲ. ಟ್ಯೂನಾದ ಕೆಂಪು ಬರುವುದು ಮಯೋಗ್ಲೋಬಿನ್‌ನಿಂದ. ಸಾಧಾರಣ ಫ್ರೀಜರ್‌ನ ಚಳಿಯಲ್ಲಿ ಅದು ನಿಧಾನವಾಗಿ ಕಂದಾಗುತ್ತಾ ಹೋಗುತ್ತದೆ. ಮೈನಸ್ 60ರಲ್ಲಿ ಆ ಬದಲಾವಣೆ ಹೆಚ್ಚುಕಡಿಮೆ ನಿಂತುಬಿಡುತ್ತದೆ. ಬಣ್ಣ ಹೋದರೆ ರುಚಿ ಇದ್ದರೂ ಸುಶಿ ಕೌಂಟರ್‌ನಲ್ಲಿ ಯಾರೂ ಕೊಳ್ಳುವುದಿಲ್ಲ.

ಇನ್ನು ಪ್ರತಿ ವರ್ಷ ಜನವರಿಯಲ್ಲಿ ಬರುವ ಆ ಕೋಟಿ ಕೋಟಿ ಬೆಲೆಯ ಸುದ್ದಿ. 2019ರ ಜನವರಿ 5ರಂದು, ತೊಯೊಸುವಿನ ಮೊದಲ ಹೊಸವರ್ಷದ ಹರಾಜಿನಲ್ಲಿ, ಅಒಮೊರಿಯ ಓಮಾ ಊರಿನಿಂದ ಬಂದ 278 ಕಿಲೋ ಬ್ಲೂಫಿನ್ 33 ಕೋಟಿ 36 ಲಕ್ಷ ಯೆನ್‌ಗೆ ಹೋಯಿತು. ಕಿಲೋಗೆ 12 ಲಕ್ಷ ಯೆನ್! ಕೊಂಡವರು 'ಸುಶಿ ಝನ್ಮಾಯ್' ಹೋಟೆಲ್ ಸರಣಿಯ ಕಿಯೊಶಿ ಕಿಮುರಾ. ಇದು ಮೀನಿನ ಬೆಲೆ ಅಲ್ಲ, ಜಾಹೀರಾತಿನ ಖರ್ಚು. ವರ್ಷದ ಮೊದಲ ಹರಾಜಿನ ಶುಭಶಕುನ, ಟಿವಿ ಸುದ್ದಿ, ಎಲ್ಲ ಸೇರಿ. ಮರುದಿನದ ದರಕ್ಕೂ ಇದಕ್ಕೂ ಸಂಬಂಧ ಇಲ್ಲ. ಈ ಅಂಕಿ ಹೇಳಿಯೇ ಹತ್ತು ನಿಮಿಷ ಕಳೆಯುವ ಗೈಡ್ ಸಿಕ್ಕರೆ ನಿಮ್ಮ ದುಡ್ಡು ದಂಡ ಅಂತ ನನ್ನ ಅಭಿಪ್ರಾಯ.

ಯಾಕಂದರೆ ಹರಾಜೇ ಈಗ ಇಲ್ಲಿಯ ದೊಡ್ಡ ವಿಷಯವಲ್ಲ. ತೊಯೊಸುವಿಗೆ ಬರುವ ಮೀನಿನಲ್ಲಿ ಬಹುಪಾಲು ಹರಾಜಿಗೆ ಬರುವುದಿಲ್ಲ, ಮಾತುಕತೆಯಲ್ಲೇ ಕೈ ಬದಲಾಗುತ್ತದೆ. ಸೂಪರ್‌ಮಾರ್ಕೆಟ್‌ಗಳಿಗೆ ಇಂಥ ಗಾತ್ರದ, ಇಷ್ಟು ಡಬ್ಬ, ಇಂಥ ಹೊತ್ತಿಗೆ ಬೇಕು. ಅವರು ಹರಾಜಿಗೆ ಕಾಯುವುದಿಲ್ಲ.

ನಡುವಿನವನ ಕಣ್ಣು

ಇಲ್ಲಿ ನಮ್ಮ ಎಪಿಎಂಸಿ ಯಾರ್ಡ್ ನೆನಪಿಸಿಕೊಂಡರೆ ಸುಲಭ. ಅಡಿಕೆ ಬೆಳೆಗಾರ ಮಾಲು ತಂದು ದಲ್ಲಾಳಿ ಮಂಡಿಯಲ್ಲಿ ಹಾಕುತ್ತಾನೆ, ಮಂಡಿಯವರು ಮಾರಿಸಿ ಕಮಿಷನ್ ಹಿಡಿದುಕೊಳ್ಳುತ್ತಾರೆ. ತೊಯೊಸುವಿನಲ್ಲಿ ಆ ಕೆಲಸ ಮಾಡುವ ದೊಡ್ಡ ಕಂಪನಿಗಳಿಗೆ 'ಓರೊಶಿ' ಎಂದು ಹೆಸರು. ಮೀನಿನ ವಿಭಾಗದಲ್ಲಿ ಇವು ಬೆರಳೆಣಿಕೆಯಷ್ಟು. ಇವರಿಂದ ಕೊಳ್ಳುವವರು 'ನಾಕಾಓರೊಶಿ'. ಇವರು ನೂರಾರು. ಹೆಚ್ಚಿನವು ಮನೆತನದ ಸಣ್ಣ ಅಂಗಡಿಗಳು.

ಹೊರಗಿನಿಂದ ನೋಡಿದರೆ ಇವರೊಬ್ಬ ಮಧ್ಯವರ್ತಿ, ತೆಗೆದುಹಾಕಿದರೆ ಮೀನು ಅಗ್ಗ ಆಗುತ್ತದಲ್ವಾ ಅನ್ನಿಸುತ್ತದೆ. ಆದರೆ ಇವರ ದಿನಚರಿ ಗೊತ್ತಾದರೆ ಅಷ್ಟು ಸಲೀಸಾಗಿ ಹೇಳಲಾಗುವುದಿಲ್ಲ. ಒಂದು ಸುಶಿ ಅಂಗಡಿಗೆ ಪೂರ್ತಿ ಟ್ಯೂನಾ ಬೇಡ. ಒಬ್ಬನಿಗೆ ಹೊಟ್ಟೆಯ ಕೊಬ್ಬಿನ ಭಾಗ 'ಓತೊರೊ' ಬೇಕು, ಇನ್ನೊಬ್ಬನಿಗೆ ಬೆನ್ನಿನ ಕೆಂಪು ಮಾಂಸ 'ಅಕಾಮಿ', ಮತ್ತೊಬ್ಬನಿಗೆ ನಡುವಿನ 'ಚೂತೊರೊ'. ನಾಕಾಓರೊಶಿ ಬಾಲ ನೋಡಿ ಇಡೀ ಮೀನಿನ ಮೇಲೆ ದುಡ್ಡು ಹಾಕುತ್ತಾನೆ. ಆಳುದ್ದಕ್ಕೆ ಹತ್ತಿರದ ಕತ್ತಿಯಲ್ಲಿ, ಕೆಲವೊಮ್ಮೆ ಇಬ್ಬರು ಸೇರಿ, ಸೀಳಿದಾಗಲೇ ಗೆದ್ದನೋ ಸೋತನೋ ತಿಳಿಯುವುದು. ಒಳಗೆ ಸುಟ್ಟಿದ್ದರೆ ಆ ನಷ್ಟ ಅವನ ತಲೆ ಮೇಲೆ ಬೀಳುತ್ತದೆ, ಗಿರಾಕಿಯ ಮೇಲಲ್ಲ. ಅವನು ತೆಗೆದುಕೊಳ್ಳುವ ಲಾಭ ಈ ಜೂಜಿಗೆ.

ಇನ್ನೊಂದು ವಿಷಯ. ನಮ್ಮ ಕರಾವಳಿಯಲ್ಲಿ ಮೀನು ಕೊಳ್ಳುವಾಗ ಕಿವಿರು ಎತ್ತಿ ಕೆಂಪಗಿದೆಯಾ ನೋಡುತ್ತೇವೆ, ಕಣ್ಣು ಹೊಳೆಯುತ್ತಿದೆಯಾ ನೋಡುತ್ತೇವೆ. ತಾಜಾ ಇದ್ದಷ್ಟೂ ಒಳ್ಳೆಯದು ಅನ್ನುವುದು ನಮ್ಮ ನಂಬಿಕೆ. ಬಂಗುಡೆ, ಬೂತಾಯಿಗೆ ಅದು ಸರಿಯೇ. ಆದರೆ ಹಸಿಯಾಗಿ ತಿನ್ನುವ ಬಿಳಿ ಮಾಂಸದ ಮೀನಿನಲ್ಲಿ ಲೆಕ್ಕ ಬೇರೆ. ಮೀನನ್ನು ಒದ್ದಾಡಲು ಬಿಡದೆ ಮಿದುಳಿಗೆ ಚುಚ್ಚಿ, ರಕ್ತ ಹರಿಸಿ, ಬೆನ್ನುಹುರಿಯೊಳಗೆ ತಂತಿ ತೂರಿಸುವ ವಿಧಾನ ಒಂದಿದೆ, 'ಇಕೆಜಿಮೆ'. ಕೇಳಲು ಕ್ರೂರ ಅನ್ನಿಸಬಹುದು, ನಿಜಕ್ಕೂ ಉಸಿರುಗಟ್ಟಿ ಸಾಯುವುದಕ್ಕಿಂತ ಇದು ಬೇಗ ಮುಗಿಯುತ್ತದೆ. ಸ್ನಾಯುಗಳಲ್ಲಿ ಕೂಡಿಟ್ಟ ಶಕ್ತಿ, ಅಂದರೆ ಎಟಿಪಿ, ಒದ್ದಾಟದಲ್ಲಿ ಖರ್ಚಾಗದೆ ಉಳಿಯುತ್ತದೆ. ಸತ್ತ ಮೇಲೆ ಅದೇ ಎಟಿಪಿ ನಿಧಾನವಾಗಿ ಒಡೆದು ಇನೊಸಿನೇಟ್ ಆಗುತ್ತದೆ. ರುಚಿ ಕೊಡುವುದು ಆ ಇನೊಸಿನೇಟ್. ಹಾಗಾಗಿ ಸರಿಯಾಗಿ ಕೊಂದ, ಸರಿಯಾಗಿ ತಣ್ಣಗಿಟ್ಟ ಮೀನು ಈ ಬೆಳಿಗ್ಗೆಗಿಂತ ನಾಳೆಯೋ ನಾಡಿದ್ದೋ ಹೆಚ್ಚು ರುಚಿ. ಯಾವ ಮೀನನ್ನು ಎಷ್ಟು ದಿನ ಇಡಬೇಕು ಅನ್ನುವುದನ್ನು ನಾಕಾಓರೊಶಿ ಮತ್ತು ಸುಶಿ ಮಾಡುವವರು ತಮ್ಮ ತಮ್ಮಲ್ಲೇ ಮಾತಾಡಿಕೊಂಡು ತೀರ್ಮಾನಿಸುತ್ತಾರೆ.

ಈ ಮಾತುಕತೆ ನಡೆಯುವ ಜಾಗಕ್ಕೆ ತೊಯೊಸುವಿನಲ್ಲಿ ಪ್ರವಾಸಿಗರಿಗೆ ಪ್ರವೇಶ ಇಲ್ಲ, ಮೇಲಿನ ಕಿಟಕಿಯಿಂದ ಸ್ವಲ್ಪ ಕಾಣುತ್ತದೆ. ಅದಕ್ಕೇ ಒಳ್ಳೆಯ ಗೈಡ್ ನಿಮ್ಮನ್ನು ಆಮೇಲೆ ತ್ಸುಕಿಜಿ ಹೊರ ಮಾರ್ಕೆಟ್‌ನ 'ತ್ಸುಕಿಜಿ ಉವೊಗಾಶಿ' ಕಟ್ಟಡಕ್ಕೆ ಕರೆದೊಯ್ಯುತ್ತಾರೆ. ಒಳ ಮಾರ್ಕೆಟ್ ಹೋದರೂ ಊರಿನ ವ್ಯಾಪಾರ ಉಳಿಯಲಿ ಅಂತ ಅಲ್ಲಿಯ ಚುವೊ ವಾರ್ಡ್ ಆಡಳಿತ 2016ರಲ್ಲಿ ತೆರೆದ ಜಾಗ ಅದು. ನಾಕಾಓರೊಶಿಗಳೇ ಅಲ್ಲಿ ಅಂಗಡಿ ಇಟ್ಟಿದ್ದಾರೆ. ಬೆಳಗಿನ ಹೊತ್ತು ಹೋಟೆಲಿನವರಿಗೆ ಆದ್ಯತೆ, ನಾವು ಸ್ವಲ್ಪ ತಡವಾಗಿ ಹೋದರೆ ಅವರಿಗೂ ಪುರಸೊತ್ತು.

ಅಲ್ಲಿ ಒಂದನ್ನು ಗಮನಿಸಿ. ಇಷ್ಟೊಂದು ಮೀನಿದ್ದರೂ ವಾಸನೆ ಕಡಿಮೆ. ನಾವು 'ಮೀನು ವಾಸನೆ' ಅನ್ನುವುದು ತಾಜಾ ಮೀನಿನದ್ದಲ್ಲ. ಸಮುದ್ರದ ಮೀನಿನ ಮೈಯಲ್ಲಿರುವ ಒಂದು ವಾಸನೆಯಿಲ್ಲದ ವಸ್ತುವನ್ನು ಬ್ಯಾಕ್ಟೀರಿಯಾಗಳು ಒಡೆದು ಟ್ರೈಮೀಥೈಲಮೀನ್ ಮಾಡುತ್ತವೆ, ನಾರುವುದು ಅದು. ಚಳಿ ಮತ್ತು ಶುಚಿ ಇದ್ದರೆ ಬ್ಯಾಕ್ಟೀರಿಯಾಗೆ ಅವಕಾಶವೇ ಸಿಗುವುದಿಲ್ಲ.

ಹೊರ ಮಾರ್ಕೆಟ್‌ನಲ್ಲಿ ಮೀನಿಗಿಂತ ಮುಖ್ಯವಾದದ್ದು

ಪ್ರವಾಸಿಗರ ಕ್ಯೂ ಇರುವುದು ಸುಟ್ಟ ಚಿಪ್ಪು, ಸಿಗಡಿ, ಕಡ್ಡಿಗೆ ಸಿಕ್ಕಿಸಿದ ಮೊಟ್ಟೆ ಆಮ್ಲೆಟ್ ಮುಂದೆ. ಅವೆಲ್ಲ ಚೆನ್ನಾಗಿಯೇ ಇರುತ್ತವೆ, ಬೆಲೆ ಮಾತ್ರ ಈಚೆಗೆ ಪ್ರವಾಸಿಗರನ್ನು ನೋಡಿಯೇ ಹಾಕಿದಂತಿದೆ. ಅನ್ನದ ಮೇಲೆ ಹಸಿ ಮೀನು ಪೇರಿಸಿದ ದುಬಾರಿ ಬಟ್ಟಲುಗಳಿಗೆ ಜಪಾನಿನವರೇ 'ಇನ್‌ಬೌಂಡ್ ದೊನ್', ಅಂದರೆ ವಿದೇಶಿ ಪ್ರವಾಸಿಗರ ಬಟ್ಟಲು, ಅಂತ ಅಣಕದ ಹೆಸರಿಟ್ಟಿದ್ದಾರೆ. ನಾನಾಗಿದ್ದರೆ ಕ್ಯೂ ಬಿಟ್ಟು ಒಣ ಸಾಮಾನಿನ ಅಂಗಡಿಗೆ ಮೊದಲು ಹೋಗಿ ಅನ್ನುತ್ತೇನೆ.

ಅಲ್ಲಿ ಸೌದೆ ತುಂಡಿನಂತೆ ಕಾಣುವ ಗಟ್ಟಿ ಕಂದು ಕೊರಡುಗಳಿರುತ್ತವೆ. ಎರಡನ್ನು ಒಂದಕ್ಕೊಂದು ತಾಗಿಸಿದರೆ ಟಣ್ ಎನ್ನುತ್ತದೆ. ಇದು ಮೀನು. ಹೆಸರು ಕಾತ್ಸುವೊಬುಶಿ. ಸ್ಕಿಪ್‌ಜ್ಯಾಕ್ ಟ್ಯೂನಾವನ್ನು (ಜಪಾನಿಯಲ್ಲಿ 'ಕಾತ್ಸುವೊ') ಬೇಯಿಸಿ, ಮುಳ್ಳು ತೆಗೆದು, ಮತ್ತೆ ಮತ್ತೆ ಹೊಗೆಯಲ್ಲಿಟ್ಟು ಒಣಗಿಸುತ್ತಾರೆ. ಮೇಲ್ದರ್ಜೆಯದಕ್ಕೆ ಒಂದು ಬಗೆಯ ಬೂಷ್ಟು ಬೆಳೆಸಿ, ಬಿಸಿಲಿಗಿಟ್ಟು, ಮತ್ತೆ ಬೂಷ್ಟು ಬೆಳೆಸುತ್ತಾರೆ. ತಿಂಗಳುಗಟ್ಟಲೆ ಕೆಲಸ. ಬೂಷ್ಟು ಒಳಗಿನ ನೀರನ್ನು ಎಳೆಯುತ್ತದೆ, ಕೊಬ್ಬನ್ನು ಒಡೆಯುತ್ತದೆ. ನಮ್ಮ ಲಕ್ಷದ್ವೀಪದಲ್ಲೂ ಇದೇ ಮೀನನ್ನು ಬೇಯಿಸಿ, ಹೊಗೆ ಹಾಕಿ, ಒಣಗಿಸಿ 'ಮಾಸ್‌ಮೀನ್' ಮಾಡುತ್ತಾರೆ, ಬೂಷ್ಟಿನ ಹಂತ ಮಾತ್ರ ಇಲ್ಲ.

ಪಕ್ಕದಲ್ಲೇ ಕಪ್ಪು ಚರ್ಮದಂಥ ಹಾಳೆಗಳು. ಅದು ಕೊಂಬು ಎಂಬ ಸಮುದ್ರ ಪಾಚಿ, ಹೆಚ್ಚಿನದು ಹೊಕ್ಕೈದೊದಿಂದ ಬರುತ್ತದೆ. ಇವೆರಡನ್ನು ಹದವಾಗಿ ನೀರಿಗೆ ಬಿಟ್ಟು ಸೋಸಿದರೆ 'ದಾಶಿ'. ಜಪಾನಿ ಅಡುಗೆಯ ಬುಡ ಇದೇ. ಮಿಸೊ ಸೂಪ್, ನೂಡಲ್, ಬೇಯಿಸಿದ ತರಕಾರಿ, ಆಮ್ಲೆಟ್, ಎಲ್ಲದರಲ್ಲೂ ಇರುತ್ತದೆ.

1908ರಲ್ಲಿ ಕಿಕುನಾಯೆ ಇಕೆದಾ ಎಂಬ ರಸಾಯನ ವಿಜ್ಞಾನಿ ಕೊಂಬುವಿನ ರುಚಿಗೆ ಗ್ಲುಟಮೇಟ್ ಕಾರಣ ಎಂದು ಕಂಡುಹಿಡಿದು, ಆ ರುಚಿಗೆ 'ಉಮಾಮಿ' ಎಂದರು. 1913ರಲ್ಲಿ ಶಿಂತಾರೊ ಕೊದಾಮಾ ಕಾತ್ಸುವೊಬುಶಿಯಲ್ಲಿ ಇನೊಸಿನೇಟ್ ಕಂಡರು. ಹೌದು, ಆಗಲೇ ಹೇಳಿದ ಅದೇ ಇನೊಸಿನೇಟ್. ಗ್ಲುಟಮೇಟ್ ಮತ್ತು ಇನೊಸಿನೇಟ್ ಸೇರಿದರೆ ರುಚಿ ಎರಡರ ಮೊತ್ತಕ್ಕಿಂತ ಹಲವು ಪಟ್ಟು ಹೆಚ್ಚಾಗಿ ನಾಲಿಗೆಗೆ ತಾಗುತ್ತದೆ. ಅಡುಗೆಯವರಿಗೆ ಇದು ನೂರಾರು ವರ್ಷಗಳಿಂದ ಕೈಯಳತೆಯಲ್ಲೇ ಗೊತ್ತಿತ್ತು. ಟೂರ್‌ನಲ್ಲಿ ದಾಶಿ ರುಚಿ ನೋಡುವ ಅವಕಾಶ ಇದ್ದರೆ ಮೊದಲು ಕೊಂಬು ನೀರು ಮಾತ್ರ ಕುಡಿಯಿರಿ, ಆಮೇಲೆ ಎರಡೂ ಸೇರಿದ್ದು. ವ್ಯತ್ಯಾಸ ಯಾರೂ ಹೇಳಿಕೊಡಬೇಕಿಲ್ಲ.

ಸಸ್ಯಾಹಾರಿಗಳು ಎಚ್ಚರ ವಹಿಸಬೇಕಾದದ್ದು ಇಲ್ಲೇ. "ಮೀನಿಲ್ಲ" ಅಂತ ಅವರು ಹೇಳಿದರೆ ಮೀನಿನ ತುಂಡಿಲ್ಲ ಅಂತ ಅರ್ಥ, ದಾಶಿ ಇದ್ದೇ ಇರಬಹುದು. ಆ ಹಳದಿ ಆಮ್ಲೆಟ್‌ನಲ್ಲಿ ದಾಶಿ ಇದೆ. ಸಿಹಿ ತೋಫು ಚೀಲದ ಇನಾರಿ ಸುಶಿಯಲ್ಲೂ ಸಾಮಾನ್ಯವಾಗಿ ಇದೆ. ಕೆಲವು ಉಪ್ಪಿನಕಾಯಿಗಳಲ್ಲೂ ಇದೆ. ಬುಕ್ ಮಾಡುವಾಗಲೇ "ಕಾತ್ಸುವೊ ದಾಶಿಯೂ ಆಗುವುದಿಲ್ಲ, ಕೊಂಬು ದಾಶಿ ಪರವಾಗಿಲ್ಲ" ಎಂದು ಸ್ಪಷ್ಟವಾಗಿ ಬರೆಯಿರಿ. ಸೌತೆಕಾಯಿ ಸುರುಳಿ, ಹುರಿದ ನೋರಿ ಪಾಚಿಯ ಹಾಳೆ, ಸಿಹಿ ಅವರೆಯಂಥ ಕಾಳು, ಸ್ಟ್ರಾಬೆರಿ ಇಟ್ಟ ಮೋಚಿ ಎಂಬ ಅಕ್ಕಿ ಸಿಹಿ, ಚಹಾ, ಇಷ್ಟರಲ್ಲಿ ಬೆಳಗಿನ ತಿಂಡಿ ಆಗುತ್ತದೆ. ತಿನ್ನದವರು ಮೀನು ಮಾರ್ಕೆಟ್‌ಗೆ ಹೋಗಬಾರದು ಅಂತೇನಿಲ್ಲ, ಅಲ್ವಾ?

ಮೀನಿನ ಹಿಟ್ಟಿನಿಂದ ಮಾಡಿದ ಬಿಳಿ-ಗುಲಾಬಿ ಕಾಮಾಬೊಕೊ, ಕೊಳವೆಯಂಥ ಚಿಕುವಾ ಮಾರುವ ಅಂಗಡಿಗಳೂ ಇವೆ. ಮೀನಿನ ಮಾಂಸವನ್ನು ತೊಳೆದು ಅರೆದು ಮಾಡುವ ಈ ಮುದ್ದೆಗೆ ಸುರಿಮಿ ಎನ್ನುತ್ತಾರೆ. ನಮ್ಮ ಪಶ್ಚಿಮ ಕರಾವಳಿಯಲ್ಲಿ ಬಲೆಗೆ ಬೀಳುವ ರಾಣಿ ಮೀನೂ ಸುರಿಮಿಯಾಗಿ ಹೊರದೇಶಕ್ಕೆ ಹೋಗುತ್ತದೆ.

ಚಾಕು ಅಂಗಡಿಗಳಿಗೂ ಒಮ್ಮೆ ಇಣುಕಿ. ಹಸಿ ಮೀನು ಕೊಯ್ಯುವ ಉದ್ದನೆಯ 'ಯಾನಾಗಿಬಾ'ಕ್ಕೆ ಒಂದೇ ಬದಿ ಹರಿತ. ಹಿಂದೆ ಮುಂದೆ ಗೀರದೆ ಒಂದೇ ಎಳೆತಕ್ಕೆ ಕೊಯ್ದರೆ ತುಂಡಿನ ಮೈ ನುಣ್ಣಗಿರುತ್ತದೆ. ಕೊಂಡರೆ ವಿಮಾನದಲ್ಲಿ ಚೆಕ್-ಇನ್ ಲಗೇಜ್‌ಗೇ ಹಾಕಿ.

ಹಸಿ ಮೀನು ತಿನ್ನುವ ಮುಂಚೆ

ಹೆಚ್ಚಿನ ಟೂರ್‌ಗಳು ಸುಶಿಯೊಂದಿಗೆ ಮುಗಿಯುತ್ತವೆ. ಹಸಿ ಮೀನಿನಲ್ಲಿ ಹುಳ ಇರುವುದಿಲ್ಲವೇ ಎಂಬ ಅನುಮಾನ ಸಹಜ. ಇರಬಹುದು. ಅನಿಸಾಕಿಸ್ ಎಂಬ ಸಣ್ಣ ಹುಳ ಬಂಗುಡೆ ಜಾತಿಯ ಮೀನುಗಳಲ್ಲಿ ಸಾಮಾನ್ಯ. ಮೈನಸ್ 20 ಡಿಗ್ರಿಯಲ್ಲಿ 24 ಗಂಟೆ ಇಟ್ಟರೆ ಸಾಯುತ್ತದೆ. ವಿನಿಗರ್, ವಸಾಬಿ ಇದನ್ನು ಕೊಲ್ಲುವುದಿಲ್ಲ, ಆ ಮಾತು ನಂಬಬೇಡಿ. ನುರಿತವರ ಕಣ್ಣು ಮತ್ತು ಫ್ರೀಜರ್, ಇವೇ ಕಾವಲು.

ಇಂದು ಸುಶಿ ಅಂದರೆ ನೆನಪಾಗುವ ಎರಡು ಮೀನುಗಳೂ ಹಳೆಯ ಸಂಪ್ರದಾಯದವಲ್ಲ ಅನ್ನುವುದು ತಮಾಷೆ. ಎದೊ ಕಾಲದಲ್ಲಿ ಟ್ಯೂನಾದ ಕೊಬ್ಬಿನ ಭಾಗ ಬೇಗ ಕೆಡುತ್ತಿತ್ತು, ಅದಕ್ಕೆ ಬೆಲೆಯೇ ಇರಲಿಲ್ಲ. ಕೆಂಪು ಭಾಗವನ್ನು ಸೋಯಾದಲ್ಲಿ ನೆನೆಸಿ ಬಳಸುತ್ತಿದ್ದರು. ಫ್ರಿಜ್ ಬಂದು, ಜನರ ನಾಲಿಗೆ ಕೊಬ್ಬಿಗೆ ಒಗ್ಗಿದ ಮೇಲೆಯೇ ಓತೊರೊ ರಾಜನಾದದ್ದು. 1970ರ ದಶಕದ ಆರಂಭದಲ್ಲಿ ಜಪಾನಿನ ವಿಮಾನಗಳು ಉತ್ತರ ಅಮೆರಿಕಕ್ಕೆ ಸರಕು ಇಳಿಸಿ ಖಾಲಿ ವಾಪಸ್ ಬರುತ್ತಿದ್ದವು. ಆ ಖಾಲಿ ಜಾಗ ತುಂಬಲು ಹುಡುಕಿದಾಗ ಸಿಕ್ಕಿದ್ದು ಕೆನಡಾ ಕರಾವಳಿಯಲ್ಲಿ ಯಾರಿಗೂ ಬೇಡವಾಗಿದ್ದ ಬ್ಲೂಫಿನ್. ಸಾಲ್ಮನ್ ಅಂತೂ ಇನ್ನೂ ಹೊಸದು. ಹುಳದ ಭಯದಿಂದ ಜಪಾನಿನವರು ಅದನ್ನು ಹಸಿಯಾಗಿ ತಿನ್ನುತ್ತಿರಲಿಲ್ಲ. ಸಾಕಿದ ಸಾಲ್ಮನ್‌ಗೆ ಗಿರಾಕಿ ಹುಡುಕುತ್ತಿದ್ದ ನಾರ್ವೆಯವರು 1980ರ ದಶಕದಿಂದ ಬೆನ್ನು ಹತ್ತಿ ಒಪ್ಪಿಸಿದರು.

ತಿನ್ನುವ ರೀತಿನೀತಿ ಜಾಸ್ತಿ ತಲೆ ಕೆಡಿಸಿಕೊಳ್ಳುವಂಥದ್ದಲ್ಲ. ಸುಶಿಯನ್ನು ಕೈಯಲ್ಲಿ ತಿಂದರೂ ಸರಿ. ಸೋಯಾಕ್ಕೆ ಮೀನಿನ ಬದಿ ತಾಗಿಸಿ, ಅನ್ನದ ಬದಿ ಅಲ್ಲ. ಚಾಪ್‌ಸ್ಟಿಕ್‌ನಿಂದ ಚಾಪ್‌ಸ್ಟಿಕ್‌ಗೆ ಆಹಾರ ದಾಟಿಸಬೇಡಿ, ಅದು ಶವಸಂಸ್ಕಾರದಲ್ಲಿ ಅಸ್ಥಿ ಎತ್ತುವ ಕ್ರಮ. ಗಲ್ಲಿಗಳಲ್ಲಿ ನಡೆಯುತ್ತಾ ತಿನ್ನಬೇಡಿ. ಕೊಂಡ ಅಂಗಡಿ ಮುಂದೆಯೇ ನಿಂತು ತಿಂದು, ಕಡ್ಡಿ-ಬಟ್ಟಲು ಅವರಿಗೇ ವಾಪಸ್ ಕೊಡಿ. ಟಿಪ್ಸ್ ಕೊಡುವ ಪದ್ಧತಿ ಇಲ್ಲ.

ಗಲ್ಲಿಯ ಮೂಲೆಗಳಲ್ಲಿ

ಹೊರ ಮಾರ್ಕೆಟ್‌ನ ಅಂಚಿನಲ್ಲಿ ನಾಮಿಯೊಕೆ ಇನಾರಿ ಎಂಬ ಚಿಕ್ಕ ಗುಡಿ ಇದೆ. 1657ರ ಮಹಾ ಬೆಂಕಿಯ ನಂತರ ಇಲ್ಲಿ ಸಮುದ್ರಕ್ಕೆ ಮಣ್ಣು ತುಂಬಿ ನೆಲ ಮಾಡುವಾಗ ಅಲೆಗಳು ಕಟ್ಟೆಯನ್ನು ಪದೇ ಪದೇ ಕೊಚ್ಚಿಕೊಂಡು ಹೋಗುತ್ತಿದ್ದವಂತೆ. ತೇಲಿಬಂದ ದೇವರ ಮೂರ್ತಿಯನ್ನು ಪ್ರತಿಷ್ಠೆ ಮಾಡಿದ ಮೇಲೆ ಅಲೆ ತಗ್ಗಿತು ಅನ್ನುವುದು ಐತಿಹ್ಯ. ಅಂಗಳದಲ್ಲಿ ಸಿಗಡಿಗೆ, ಸುಶಿ ಮೀನಿಗೆ, ಮೊಟ್ಟೆಗೆ ಕೂಡ ಸ್ಮಾರಕ ಕಲ್ಲುಗಳಿವೆ. ತಮ್ಮ ಹೊಟ್ಟೆ ಹೊರೆದ ಜೀವಗಳಿಗೆ ಆಯಾ ವ್ಯಾಪಾರದವರು ನಿಲ್ಲಿಸಿದವು.

ಇನ್ನೊಂದು ಕಡೆ ತ್ಸುಕಿಜಿ ಹೊಂಗ್ವಾಂಜಿ ಬೌದ್ಧ ಮಂದಿರ. ಅದನ್ನು ನೋಡಿದ ಭಾರತೀಯರು ಒಂದು ಕ್ಷಣ ನಿಂತೇ ನಿಲ್ಲುತ್ತಾರೆ. ಮುಂಭಾಗ ನಮ್ಮ ಪ್ರಾಚೀನ ಚೈತ್ಯಗಳ ಕಮಾನು! 1902ರಿಂದ ಏಷ್ಯಾ ಸುತ್ತಿ ಭಾರತಕ್ಕೂ ಬಂದಿದ್ದ ವಾಸ್ತುಶಿಲ್ಪಿ ಚೂತಾ ಇತೊ ಇದರ ವಿನ್ಯಾಸ ಮಾಡಿದರು, 1934ರಲ್ಲಿ ಮುಗಿಯಿತು. ಹಳೆಯ ಮಂದಿರವೂ 1923ರಲ್ಲೇ ಸುಟ್ಟಿತ್ತು. ಅದರ ಸುತ್ತಲಿದ್ದ ಉಪಮಂದಿರಗಳು ಬೇರೆಡೆ ಹೋದವು, ಆ ಖಾಲಿ ನಿವೇಶನಗಳಿಗೆ ಅಂಗಡಿಗಳು ಬಂದವು. ಹೊರ ಮಾರ್ಕೆಟ್ ನಿಂತಿರುವುದು ಆ ನೆಲದ ಮೇಲೆ.

ಹೆಚ್ಚಿನ ಟೂರ್‌ಗಳು ಹೇಳದ ಇನ್ನೊಂದು ಕಥೆ ಇದೆ. 1954ರ ಮಾರ್ಚ್ 1ರಂದು ಅಮೆರಿಕ ಬಿಕಿನಿ ದ್ವೀಪದಲ್ಲಿ ಹೈಡ್ರೋಜನ್ ಬಾಂಬ್ ಸಿಡಿಸಿತು. ಅದರ ಬೂದಿ ಬಿದ್ದ ದೋಣಿ ದಾಯ್‌ಗೊ ಫುಕುರ್ಯು ಮಾರು. ಅದು ಹಿಡಿದ ಮೀನು ಅದೇ ತಿಂಗಳು ತ್ಸುಕಿಜಿಗೆ ಬಂತು. ವಿಕಿರಣ ಪತ್ತೆಯಾಗಿ ಮೀನನ್ನು ಮಾರ್ಕೆಟ್ ಆವರಣದಲ್ಲೇ ಹೂತರು. ಜನ ಟ್ಯೂನಾ ಕೊಳ್ಳುವುದನ್ನೇ ಬಿಟ್ಟರು. ದೋಣಿಯ ರೇಡಿಯೋ ಆಪರೇಟರ್ ಐಕಿಚಿ ಕುಬೊಯಾಮಾ ಆ ಸೆಪ್ಟೆಂಬರ್‌ನಲ್ಲಿ ತೀರಿಕೊಂಡರು. ಹೂತದ್ದರ ನೆನಪಿಗೆ 1999ರಲ್ಲಿ ಹಳೆ ಮಾರ್ಕೆಟ್‌ನಲ್ಲಿ ಫಲಕ ಹಾಕಿದರು. ದೋಣಿ ಟೋಕಿಯೋದ ಯುಮೆನೊಶಿಮಾದಲ್ಲಿ ಈಗಲೂ ಇದೆ. ಗೈಡ್‌ಗೆ ಈ ಬಗ್ಗೆ ಕೇಳಿ ನೋಡಿ. ಉತ್ತರ ಹೇಗೆ ಬರುತ್ತದೆ ಅನ್ನುವುದರಲ್ಲೇ ಅವರು ಊರನ್ನು ಎಷ್ಟು ಬಲ್ಲರು ಅಂತ ತಿಳಿಯುತ್ತದೆ.

ಬುಕ್ ಮಾಡುವಾಗ

ಜಪಾನಿನಲ್ಲಿ ವಿದೇಶಿಯರಿಗೆ ದುಡ್ಡು ತೆಗೆದುಕೊಂಡು ಗೈಡ್ ಆಗಲು 1949ರ ಕಾನೂನಿನ ಪ್ರಕಾರ ಪರೀಕ್ಷೆ ಪಾಸಾಗಿ ಲೈಸೆನ್ಸ್ ಪಡೆಯಬೇಕಿತ್ತು. 2018ರ ಜನವರಿಯಿಂದ ಆ ಕಡ್ಡಾಯ ಹೋಗಿದೆ. ಈಗ ಯಾರು ಬೇಕಾದರೂ ಟೂರ್ ಮಾಡಿಸಬಹುದು. ಲೈಸೆನ್ಸ್ ಇಲ್ಲದವರಲ್ಲೂ ತುಂಬಾ ಒಳ್ಳೆಯವರಿದ್ದಾರೆ, ಹಿಂದೆ ಮಾರ್ಕೆಟ್‌ನಲ್ಲೇ ದುಡಿದವರು, ಅಡುಗೆ ಕಲಿತವರು. ಆದ್ದರಿಂದ ಸರ್ಟಿಫಿಕೇಟ್‌ಗಿಂತ ಗೈಡ್‌ನ ಹಿನ್ನೆಲೆ ಕೇಳುವುದು ಒಳ್ಳೆಯದು. ಟೂರ್‌ನಲ್ಲಿ ತೊಯೊಸು ಇದೆಯೋ ಬರೀ ತ್ಸುಕಿಜಿಯೋ, ಗುಂಪು ಎಷ್ಟು ದೊಡ್ಡದು, ತಿನಿಸಿನ ಖರ್ಚು ಸೇರಿದೆಯೋ ಇಲ್ಲವೋ, ಇವನ್ನೂ ವಿಚಾರಿಸಿ.

ತೊಯೊಸು ಭಾನುವಾರ, ಸರ್ಕಾರಿ ರಜೆ ಮತ್ತು ಕೆಲವು ಬುಧವಾರ ಮುಚ್ಚಿರುತ್ತದೆ. ಆ ದಿನಗಳಲ್ಲಿ ತ್ಸುಕಿಜಿಯ ಹಲವು ಅಂಗಡಿಗಳಿಗೂ ಬಾಗಿಲು. ರಜೆಯ ಪಟ್ಟಿ ಮಾರ್ಕೆಟ್‌ನ ವೆಬ್‌ಸೈಟ್‌ನಲ್ಲಿ ಸಿಗುತ್ತದೆ, ವಿಮಾನದ ಟಿಕೆಟ್‌ಗಿಂತ ಮೊದಲೇ ನೋಡಿಕೊಂಡರೆ ವಾಸಿ. ನಗದು ಇಟ್ಟುಕೊಳ್ಳಿ. ಚಪ್ಪಲಿ ಅಲ್ಲ, ಜಾರದ ಶೂ ಹಾಕಿ. ದೊಡ್ಡ ಸೂಟ್‌ಕೇಸ್ ಹೋಟೆಲಿನಲ್ಲೇ ಬಿಡಿ.

ಅಂಗಡಿ ಮುಂದೆ ನಿಂತಾಗ ಟ್ಯೂನಾವನ್ನೇ ಕೇಳಬೇಡಿ, ಈ ವಾರ ಯಾವುದು ಚೆನ್ನಾಗಿದೆ ಅಂತ ಗೈಡ್ ಮೂಲಕ ಕೇಳಿಸಿ. ಚಳಿಗಾಲದಲ್ಲಿ ಕೊಬ್ಬಿದ 'ಬುರಿ' ಮೀನು ಬರುತ್ತದೆ. ವಸಂತದ ಕೊನೆಗೆ ಉತ್ತರಕ್ಕೆ ಹೊರಟ ಕಾತ್ಸುವೊ, ತೆಳ್ಳಗೆ, ಹಗುರ ರುಚಿ. ಅದೇ ಮೀನು ಶರತ್ಕಾಲದಲ್ಲಿ ತಿಂದುಂಡು ಕೊಬ್ಬಿ ವಾಪಸ್ ಬರುವಾಗ ಬೇರೆ ಮೀನೇ ಅನ್ನಿಸುತ್ತದೆ. ಉದ್ದನೆಯ ಬೆಳ್ಳಿ ಬಣ್ಣದ 'ಸಾನ್ಮಾ'ಕ್ಕೂ ಶರತ್ಕಾಲವೇ. ಆಗಸ್ಟ್ ಬಿಸಿಲಲ್ಲಿ ಹೋಗಿ ಬುರಿ ಕೊಡಿ ಅಂದರೆ ಅಂಗಡಿಯವರು ಇಲ್ಲ ಅನ್ನಲಿಕ್ಕಿಲ್ಲ, ಆದರೆ ಪಕ್ಕದ ಡಬ್ಬದ ಕಡೆ ಕೈ ತೋರಿಸುತ್ತಾರೆ. ಅವರು ತೋರಿಸಿದ್ದನ್ನೇ ತೆಗೆದುಕೊಳ್ಳಿ.